ಕಲ್ಪಿತ ನಾಡಿನ ಕಚೇರಿ ಕಡತ

ಕೇಳುಗರೆಲ್ಲರಿಗೂ ನಮಸ್ಕಾರ. ಇಲ್ಲದ ನಾಡೊಂದನ್ನು ಕಲ್ಪಿಸಿ ಕಥೆ, ಕಾದಂಬರಿ ಬರೆಯಲು ಹೊರಟಿರುವ ಯುವಕ ಯುವತಿಯರು ಈಗ ರೇಡಿಯೋ ಮುಂದೆ ಕುಳಿತಿದ್ದಾರೆಂದು ಭಾವಿಸಿ ಮಾತನಾಡುತ್ತಿದ್ದೇನೆ. ಇಂಥ ಹಸ್ತಪ್ರತಿಗಳು ನನ್ನ ಬಳಿಗೆ ಬರುತ್ತಿರುತ್ತವೆ. ಅವುಗಳಲ್ಲಿ ಆ ನಾಡಿನ ಬಾವುಟದ ಬಣ್ಣವಿರುತ್ತದೆ, ಅರಸರ ವಂಶಾವಳಿಯಿರುತ್ತದೆ, ನಾವು ಕಂಡು ಕೇಳರಿಯದ ಪ್ರಾಣಿಗಳಿರುತ್ತವೆ. ಆದರೆ ಆ ಪ್ರಾಣಿ ಯಾವ ಇಲಾಖೆಯ ಲೆಕ್ಕಕ್ಕೆ ಸೇರಿದ್ದು ಎಂಬ ಮಾತು ಮಾತ್ರ ಎಲ್ಲಿಯೂ ಸಿಗುವುದಿಲ್ಲ. ದಯವಿಟ್ಟು ಮೊದಲು ಕಚೇರಿಯ ಕಡತವನ್ನು ಬರೆಯಿರಿ. ಯಾವ ಆಡಳಿತವೇ ಆಗಲಿ, ಜೀವಿಗಳನ್ನೂ ವಸ್ತುಗಳನ್ನೂ ವಿಂಗಡಿಸುವಾಗ ಅವುಗಳಿಂದ ತನಗೇನು ಬೇಕು ಎಂಬುದನ್ನೇ ನೋಡುತ್ತದೆ. ಆದ್ದರಿಂದ ಕಡತವನ್ನು ಓದಿದರೆ ಆಳುವವರ ಮನಸ್ಸು ತಿಳಿಯುತ್ತದೆ.

ಇದಕ್ಕೆ ಮಾದರಿ ಬೇಕೆಂದರೆ ಮೈಸೂರಿನವರು ದೂರ ಹೋಗಬೇಕಾಗಿಲ್ಲ. ಕೌಟಿಲ್ಯನ ಅರ್ಥಶಾಸ್ತ್ರದ ತಾಳೆಗರಿ ಪ್ರತಿ ಸಂಸ್ಕೃತ ವಿದ್ವಾಂಸರಾದ ಆರ್. ಶಾಮಶಾಸ್ತ್ರಿಗಳ ಕಣ್ಣಿಗೆ ಬಿದ್ದದ್ದು ಇದೇ ಊರಿನ ಓರಿಯಂಟಲ್ ಲೈಬ್ರರಿಯಲ್ಲಿ, 1905ರಲ್ಲಿ. 1909ರಲ್ಲಿ ಅವರು ಅದನ್ನು ಅಚ್ಚು ಮಾಡಿಸಿದರು. ರಾಜ್ಯವೆಂದರೆ ಹೀಗಿರಬೇಕು ಎಂದು ಮನಸ್ಸಿನಲ್ಲಿ ಕಟ್ಟಿ, ಅದರ ಒಂದೊಂದು ಕಚೇರಿಗೂ ಕೆಲಸ ಹಂಚಿಕೊಟ್ಟ ಗ್ರಂಥ ಅದು. ಕಲ್ಪಿತ ನಾಡನ್ನು ಕಟ್ಟುವವರು ಅದನ್ನು ಓದದೆ ಇರುವುದು ನನಗೆ ನಿಜಕ್ಕೂ ಅರ್ಥವಾಗದ ಸಂಗತಿ.

ಅದರಲ್ಲಿ ಗೋವುಗಳಿಗೊಬ್ಬ ಅಧ್ಯಕ್ಷನಿದ್ದಾನೆ, ಅಂದರೆ ಅವುಗಳ ಉಸ್ತುವಾರಿ ನೋಡುವ ಅಧಿಕಾರಿ. ಅವನ ಪುಸ್ತಕದಲ್ಲಿ ದನ ಎಂಬ ಒಂದೇ ಕಲಮು, ಅಂದರೆ ಲೆಕ್ಕದ ಅಂಕಣ, ಇಲ್ಲ. ಗಂಡಿನಲ್ಲಿ ಎಳೆಗರು, ಬೆಳೆದ ಕರು, ಪಳಗಿಸಬೇಕಾದದ್ದು, ನೊಗ ಹೊರುವ ಎತ್ತು, ಬೀಜದ ಹೋರಿ. ಹೆಣ್ಣಿನಲ್ಲಿ ಕಡಸು, ಗಬ್ಬದ ಹಸು, ಕರೆಯುವ ಹಸು, ಗೊಡ್ಡು ಹೀಗೆ ಬೇರೆ ಬೇರೆ ಲೆಕ್ಕ. ಪ್ರತಿಯೊಂದಕ್ಕೂ ಹಾಕಿದ ಮುದ್ರೆ, ಹುಟ್ಟಿನಿಂದ ಬಂದ ಮಚ್ಚೆ, ಮೈಬಣ್ಣ, ಕೊಂಬುಗಳ ನಡುವಣ ಅಂತರ ಇಷ್ಟನ್ನೂ ಬರೆದಿಡಬೇಕು. ಕಳವಾದದ್ದು, ತಪ್ಪಿಸಿಕೊಂಡದ್ದು, ಬೇರೆ ಹಿಂಡಿಗೆ ಸೇರಿದ್ದು ನಷ್ಟದ ಲೆಕ್ಕ. ಕೆಸರಿನಲ್ಲಿ ಹೂತದ್ದು, ಹೊಳೆಯಲ್ಲಿ ಕೊಚ್ಚಿಹೋದದ್ದು, ಹುಲಿ, ಹಾವು, ಮೊಸಳೆಗಳ ಬಾಯಿಗೆ ಸಿಕ್ಕದ್ದು ವಿನಷ್ಟದ ಲೆಕ್ಕ. ಹಸುವೋ ಎಮ್ಮೆಯೋ ಸತ್ತರೆ ಗೋಪಾಲಕನು ಮುದ್ರೆಯಿರುವ ಚರ್ಮವನ್ನು ತಂದು ಒಪ್ಪಿಸಬೇಕು. ಆಡು ಕುರಿಗಳಾದರೆ ಗುರುತಿರುವ ಕಿವಿ.

ಈ ಅಧ್ಯಾಯವನ್ನು ತೆರೆದಾಗಲೆಲ್ಲ ಮದ್ದೂರು ತಾಲ್ಲೂಕಿನ ಹಳ್ಳಿಯೊಂದರಲ್ಲಿ ಕಂಡದ್ದು ನೆನಪಾಗುತ್ತದೆ. ಅದನ್ನು ಹೇಳದೆ ಮುಂದೆ ಹೋಗಲಾರೆ. ನಮ್ಮ ಬಂಧುಗಳ ಪಕ್ಕದ ಮನೆಯಲ್ಲಿ ಒಬ್ಬ ಹಿರಿಯ ಹೆಂಗಸು ಎರಡು ಸೀಮೆಹಸು ಕಟ್ಟಿಕೊಂಡು ಡೈರಿಗೆ ಹಾಲು ಹಾಕುತ್ತಿದ್ದರು. ಅವುಗಳಲ್ಲಿ ಗೌರಿ ಎಂಬ ಹಸು, ಎರಡನೆಯ ಕರು ಹಾಕಿ ಹಾಲು ತುಂಬಿ ಕೊಡುತ್ತಿದ್ದದ್ದು, ರಾತ್ರಿ ಹೊಟ್ಟೆಯುಬ್ಬರ ಬಂದು ಬೆಳಗಾಗುವುದರೊಳಗೆ ಸತ್ತುಹೋಯಿತು. ಹಸುವಿಗೆ ವಿಮೆಯಿತ್ತು. ಪಶುವೈದ್ಯರು ಬಂದವರೇ ಕೇಳಿದ ಮೊದಲ ಮಾತು, "ಅಮ್ಮಾ, ಕಿವಿಯೋಲೆ ಎಲ್ಲಿ?" ಎಂದು. 12 ಅಂಕಿಯ ಸಂಖ್ಯೆಯಿರುವ ಆ ಹಳದಿ ಪ್ಲಾಸ್ಟಿಕ್ ಓಲೆ ಕಿವಿಯಲ್ಲಿರಲಿಲ್ಲ, ಕಿವಿಯ ಅಂಚು ಹರಿದಿತ್ತು. ಓಲೆಯಿಲ್ಲದೆ ವಿಮೆಯ ಹಣ ಬರುವಂತಿಲ್ಲ. ಆಕೆ, "ಗೌರಿ ಇಲ್ಲೇ ಮಲ್ಗವ್ಳಲ್ಲ ಸ್ವಾಮಿ, ಇವ್ಳು ಯಾರು ಅಂತ ಊರ್ಗೆಲ್ಲಾ ಗೊತ್ತಲ್ಲ" ಎಂದರು. ವೈದ್ಯರು ಒಳ್ಳೆಯವರು, ತಲೆ ತಗ್ಗಿಸಿ ಸುಮ್ಮನೆ ನಿಂತರು. ಮನೆಮಂದಿಯೆಲ್ಲ ಕೊಟ್ಟಿಗೆ ಗುಡಿಸಿ, ತಿಪ್ಪೆ ಕೆದಕಿ, ಕಬ್ಬಿನ ಸೋಗೆಯ ಕಂತೆಗಳನ್ನೆಲ್ಲ ಬಿಚ್ಚಿ ಹುಡುಕಿದರು. ಮಧ್ಯಾಹ್ನದ ಹೊತ್ತಿಗೆ ಹಿತ್ತಲ ಬೇಲಿಯ ಮುಳ್ಳುತಂತಿಯ ಬುಡದಲ್ಲಿ, ಒಂದಿಷ್ಟು ಕೂದಲು ಅಂಟಿಕೊಂಡಿದ್ದ ಆ ಓಲೆ ಮೊಮ್ಮಗನ ಕೈಗೆ ಸಿಕ್ಕಿತು. ವೈದ್ಯರು ಅದನ್ನು ತೊಳೆದು, ಸಂಖ್ಯೆಯನ್ನು ಕಡತದೊಂದಿಗೆ ತಾಳೆ ನೋಡಿ, ಹಸುವಿನ ತಲೆಯ ಪಕ್ಕದಲ್ಲಿಟ್ಟು ಫೋಟೋ ತೆಗೆದುಕೊಂಡರು. ಗೌರಿ ಸತ್ತಳೆಂಬುದನ್ನು ಕಚೇರಿ ಒಪ್ಪಿದ್ದು ಆಮೇಲೆಯೇ.

ಅರ್ಥಶಾಸ್ತ್ರದ ಗೋಪಾಲಕ ಹೊತ್ತು ತಂದ ಚರ್ಮಕ್ಕೂ ಈ ಓಲೆಗೂ ಕೆಲಸ ಒಂದೇ. ತನ್ನ ಸ್ವತ್ತಿಗೆ ಮೋಸವಾಗಬಾರದು ಎಂಬ ಭಯ ಅಲ್ಲಿಯೂ ಇದೆ, ಇಲ್ಲಿಯೂ ಇದೆ. ಆ ಭಯವೇ ಕಲಮುಗಳನ್ನು ಎಳೆಯುತ್ತದೆ. ನಿಮ್ಮ ನಾಡಿನ ಆಡಳಿತಕ್ಕೆ ಯಾವುದರ ಭಯ, ಯಾವುದರ ಆಸೆ ಎಂಬುದನ್ನು ಮೊದಲು ನಿಶ್ಚಯಿಸಿಕೊಳ್ಳಿ, ಪಟ್ಟಿ ತಾನಾಗಿ ಬರುತ್ತದೆ.

ಸಮಯ ಮುಗಿಯುತ್ತ ಬಂದಿರುವುದರಿಂದ ಉಳಿದದ್ದನ್ನು ಬೇಗ ಹೇಳುತ್ತೇನೆ. ಆನೆಗಳನ್ನು ಅರ್ಥಶಾಸ್ತ್ರ ಕೆಲಸದ ಮೇಲೆ ನಾಲ್ಕಾಗಿ ವಿಂಗಡಿಸುತ್ತದೆ: ಪಳಗಿಸಬೇಕಾದದ್ದು, ಯುದ್ಧದ್ದು, ಸವಾರಿಯದು, ಪುಂಡಾನೆ. ಕಾಡಿನ ಉತ್ಪನ್ನಗಳ ಅಧ್ಯಕ್ಷನ ಪಟ್ಟಿ ಇದಕ್ಕಿಂತಲೂ ಸೊಗಸಾದದ್ದು. ಮರ, ಬಿದಿರು, ಬಳ್ಳಿ, ನಾರು, ಬರೆಯುವ ಎಲೆ, ಬಣ್ಣದ ಹೂವು, ಪ್ರಾಣಿಗಳ ಚರ್ಮ ಮತ್ತು ಮೂಳೆ, ಕಬ್ಬಿಣ, ತಾಮ್ರ ಎಲ್ಲವೂ ಅವನ ಒಂದೇ ಉಗ್ರಾಣಕ್ಕೆ ಬರುತ್ತವೆ. ಅಲ್ಲಿ ಮಡಕೆಯಲ್ಲಿ ಹಾಕಿಟ್ಟ ಜೀವಂತ ಹಾವು, ಹುಳುಗಳು ವಿಷದ ವರ್ಗಕ್ಕೆ ಸೇರುತ್ತವೆ. ಹಾವು ಜೀವಿಯೋ ಸರಕೋ ಎಂದು ಆ ಅಧಿಕಾರಿ ತಲೆ ಕೆಡಿಸಿಕೊಳ್ಳುವುದಿಲ್ಲ; ಅರಸನಿಗೆ ಬೇಕಾದದ್ದು ವಿಷ, ಹಾವು ಅದನ್ನು ಹೊತ್ತಿದೆ.

ಅರ್ಥಶಾಸ್ತ್ರದ ಎರಡನೆಯ ಅಧಿಕರಣದ, ಅಂದರೆ ಎರಡನೆಯ ಭಾಗದ, 17ನೆಯ ಮತ್ತು 29ನೆಯ ಅಧ್ಯಾಯಗಳನ್ನು ಓದಿ. ಓದಿದ ಮೇಲೆ ನಿಮ್ಮ ನಾಡಿನ ಒಂದೇ ಒಂದು ಕಚೇರಿಯ ಒಂದು ಪುಟವನ್ನು, ಕಲಮುಗಳ ಸಮೇತ, ಬರೆದು ನೋಡಿ. ನಮಸ್ಕಾರ.