ಗಂಗೂಬಾಯಿ ಹಾನಗಲ್ ಅವರ ಎರಡು ದನಿ: ನಮ್ಮ ಗಂಟಲೊಳಗೆ ನಡೆಯುವುದೇನು?

[ಕಪ್ಪು ಪರದೆ. ಹಳೆಯ ಗ್ರಾಮಫೋನ್ ಪ್ಲೇಟಿನ ಕರಕರ ಸದ್ದು. ಹಿಂದೆಯೇ ತೆಳ್ಳನೆಯ ಹೆಣ್ಣುದನಿ. ಹತ್ತು ಸೆಕೆಂಡ್.]

ಕೇಳಿದಿರಲ್ವಾ? ತೆಳುವಾದ, ಎತ್ತರದ ದನಿ. ಈಗ ಇನ್ನೊಂದು ಕೇಳಿ.

[ದಪ್ಪನೆಯ, ಭಾರವಾದ ದನಿಯ ಆಲಾಪ. ಹತ್ತು ಸೆಕೆಂಡ್.]

ಇದು ಗಂಡಸರದ್ದು ಅಂದುಕೊಂಡಿರಾ? ಹುಡುಗನಾಗಿದ್ದಾಗ ರೇಡಿಯೋದಲ್ಲಿ ಕೇಳಿ ನಾನೂ ಹಾಗೇ ಅಂದುಕೊಂಡಿದ್ದೆ. ಕೊನೆಗೆ ಹೆಸರು ಹೇಳಿದಾಗ ಅಜ್ಜಿಯ ಮುಖ ನೋಡಿದೆ. ಅಜ್ಜಿ ಸುಮ್ನೆ ನಕ್ಕಳು.

ಎರಡೂ ಒಬ್ಬರದೇ ದನಿ. ಗಂಗೂಬಾಯಿ ಹಾನಗಲ್. 1913ರಲ್ಲಿ ಧಾರವಾಡದಲ್ಲಿ ಹುಟ್ಟಿ, ಹುಬ್ಬಳ್ಳಿಯಲ್ಲಿ ಬಾಳಿದವರು. ಮೊದಲು ಕೇಳಿದ್ದು 1930ರ ದಶಕದ ಪ್ಲೇಟು. ಆಮೇಲೆ ಅವರ ಗಂಟಲಿಗೆ ತೊಂದರೆಯಾಯಿತು. ಚಿಕಿತ್ಸೆ ಆಯಿತು. ದನಿ ಕೆಳಗಿಳಿಯಿತು, ಮತ್ತೆ ಮೇಲೇರಲಿಲ್ಲ. ಹಾಡನ್ನೇ ನಂಬಿದ ಮನೆಯಲ್ಲಿ ಇದು ಎಂಥ ಪೆಟ್ಟು, ಯೋಚಿಸಿ. ಆದರೆ ಇವತ್ತು ಗಂಗೂಬಾಯಿ ಅಂದರೆ ನಮ್ಮ ಕಿವಿಗೆ ಬರುವುದು ಆ ಎರಡನೆಯ ದನಿಯೇ.

ಒಂದೇ ಗಂಟಲಲ್ಲಿ ಎರಡು ದನಿ ಹೇಗೆ?

[ಕ್ಯಾಮೆರಾ ಹತ್ತಿರ ಬರುತ್ತದೆ. ಎರಡು ಬೆರಳು ಗಂಟಲ ಮೇಲೆ.]

ನೀವೂ ಬೆರಳಿಡಿ. ಬಸ್ಸಲ್ಲಿದ್ದರೆ ಪಕ್ಕದವರು ನೋಡುತ್ತಾರೆ, ಪರವಾಗಿಲ್ಲ. ಈಗ ಹಾವು ಬುಸುಗುಟ್ಟುವ ಹಾಗೆ "ಸ್‌ಸ್‌ಸ್" ಅನ್ನಿ. ಬೆರಳಿಗೆ ಏನೂ ಗೊತ್ತಾಗುವುದಿಲ್ಲ. ಬಾಯಿ ಮುಚ್ಚಿಕೊಂಡು "ಮ್‌ಮ್‌ಮ್" ಅನ್ನಿ. ಝುಂ ಅಂತು ಅಲ್ವಾ?

ಆ ನಡುಕ ಹುಟ್ಟುವ ಜಾಗವನ್ನು ಶಾಲೆಯಲ್ಲಿ ಧ್ವನಿತಂತು ಅಂತ ಓದಿರುತ್ತೀರಿ. ಹೆಸರು ಸ್ವಲ್ಪ ದಾರಿ ತಪ್ಪಿಸುತ್ತದೆ. ವೀಣೆಗೆ ತಂತಿ ಬಿಗಿದ ಹಾಗೆ ಅಲ್ಲೇನೂ ಬಿಗಿದಿಲ್ಲ. ಇರುವುದು ಎರಡು ಒದ್ದೆ ಮಡಿಕೆ, ಒಳಗೊಂದು ಜೊತೆ ತುಟಿ ಇದ್ದಂತೆ. ಉದ್ದ ಹೆಚ್ಚುಕಮ್ಮಿ ನಿಮ್ಮ ಹೆಬ್ಬೆರಳ ಉಗುರಿನಷ್ಟು. ಮಕ್ಕಳು ತುಟಿಯಲ್ಲಿ ಬುರ್‌ರ್ ಅಂತ ಬಸ್ಸು ಬಿಡುತ್ತಾರಲ್ಲ, ಇಲ್ಲಿ ನಡೆಯುವುದೂ ಅದೇ. ಮಡಿಕೆಗಳು ಮುಚ್ಚಿಕೊಳ್ಳುತ್ತವೆ, ಕೆಳಗಿಂದ ಗಾಳಿ ತಳ್ಳುತ್ತದೆ, ಬಿಚ್ಚುತ್ತವೆ, ಮತ್ತೆ ಬಡಿದು ಮುಚ್ಚುತ್ತವೆ. ಮಾತಾಡುವಾಗ ಗಂಡಸರಲ್ಲಿ ಸೆಕೆಂಡಿಗೆ ಸುಮಾರು 110 ಸಲ. ಹೆಂಗಸರಲ್ಲಿ ಸುಮಾರು 200 ಸಲ.

ಇದನ್ನು ಕಣ್ಣಾರೆ ನೋಡಿ ತಿಳಿಸಿದವನು ಡಾಕ್ಟರ್ ಅಲ್ಲ, ಸಂಗೀತದ ಮೇಷ್ಟ್ರು! 1854ರಲ್ಲಿ ಮ್ಯಾನುಯೆಲ್ ಗಾರ್ಸಿಯಾ ಹಲ್ಲಿನ ಡಾಕ್ಟರ ಪುಟ್ಟ ಕನ್ನಡಿಯನ್ನು ತನ್ನ ಗಂಟಲಿಗೇ ಇಳಿಸಿ, ಇನ್ನೊಂದು ಕನ್ನಡಿಯಿಂದ ಬಿಸಿಲು ಬಿಟ್ಟು ನೋಡಿದ.

ಮಡಿಕೆ ತೆಳುವಾಗಿ, ಎಳೆದ ಹಾಗಿದ್ದರೆ ಬೇಗ ಬೇಗ ಬಡಿಯುತ್ತದೆ, ದನಿ ಮೇಲಿರುತ್ತದೆ. ದಪ್ಪವಾದರೆ ನಿಧಾನ, ದನಿ ಕೆಳಗಿಳಿಯುತ್ತದೆ. ಮೀಸೆ ಚಿಗುರುವ ವಯಸ್ಸಲ್ಲಿ ಹುಡುಗರ ದನಿ ಒಡೆಯುವುದು ಇದಕ್ಕೇ. ಮಡಿಕೆ ಉದ್ದವಾಗಿ, ದಪ್ಪವಾಗಿ ಬೆಳೆದಿರುತ್ತದೆ, ಹುಡುಗನಿಗೆ ಇನ್ನೂ ಅದರ ಹಿಡಿತ ಸಿಕ್ಕಿರುವುದಿಲ್ಲ. ನೆಗಡಿಯಾದಾಗ ನಿಮ್ಮ ದನಿ ದಪ್ಪವಾಗುವುದೂ ಮಡಿಕೆ ಊದಿಕೊಂಡಾಗಲೇ.

ಆದರೆ ಮಡಿಕೆಯಿಂದ ಹೊರಡುವುದು ಬರೀ ಗುಂಯ್ ಅನ್ನುವ ಸದ್ದು. ಅದು ಅಕ್ಷರವಾಗುವುದು ಬಾಯಲ್ಲಿ. ಒಂದೇ ಶ್ರುತಿಯಲ್ಲಿ "ಅ… ಇ… ಉ…" ಅನ್ನಿ. ಬೆರಳಿಗೆ ಅದೇ ನಡುಕ, ಬದಲಾದದ್ದು ನಾಲಿಗೆ, ತುಟಿ ಮಾತ್ರ.

[ತರಗತಿಯ ದೃಶ್ಯ. ಕರಿಹಲಗೆ, ಗಲಾಟೆ.]

ಈಗ ಒಂದು ಲೆಕ್ಕ. ಒಬ್ಬ ಟೀಚರ್ ದಿನಕ್ಕೆ ಐದು ಪೀರಿಯಡ್ ತೆಗೆದುಕೊಳ್ಳುತ್ತಾರೆ ಅನ್ನಿ. ಅದರಲ್ಲಿ ನಿಜವಾಗಿ ದನಿ ಹೊರಟದ್ದು ಒಟ್ಟು ಒಂದೇ ಗಂಟೆ ಅಂತ ಇಟ್ಟುಕೊಂಡರೂ, ಸೆಕೆಂಡಿಗೆ 200ರ ಹಾಗೆ 7,20,000 ಸಲ ಆ ಮಡಿಕೆಗಳು ಒಂದಕ್ಕೊಂದು ಬಡಿದಿರುತ್ತವೆ. ಅರವತ್ತು ಮಕ್ಕಳ ಗಲಾಟೆ ಮೀರಿ ಕೂಗಿದರೆ ಪೆಟ್ಟು ಇನ್ನೂ ಜೋರು. ಹಾರೆ ಹಿಡಿದ ಕೈ ಜಡ್ಡುಗಟ್ಟುತ್ತದಲ್ಲ, ಹಾಗೇ ಪೆಟ್ಟು ಹೆಚ್ಚು ಬೀಳುವ ಜಾಗದಲ್ಲಿ ಎರಡೂ ಮಡಿಕೆಗೆ ಸಣ್ಣ ಗಂಟು ಏಳುತ್ತದೆ. ಆಮೇಲೆ ಮಡಿಕೆ ಪೂರ್ತಿ ಮುಚ್ಚುವುದಿಲ್ಲ, ಸಂದಿಯಲ್ಲಿ ಗಾಳಿ ಸೋರುತ್ತದೆ. ದನಿ ಗೊಗ್ಗರಾಗುತ್ತದೆ. ಒಳ್ಳೆ ಸುದ್ದಿ ಏನೆಂದರೆ, ಮಾತಾಡುವ ರೀತಿ ತಿದ್ದಿಕೊಂಡರೆ ತುಂಬಾ ಜನರಿಗೆ ಆಪರೇಷನ್ ಇಲ್ಲದೇ ಇದು ಕರಗುತ್ತದೆ. ನಮ್ಮ ಶಾಲೆಗಳು ಟೀಚರಿಗೆ ಒಂದು ಸಣ್ಣ ಮೈಕ್ ಯಾಕೆ ಕೊಡುವುದಿಲ್ಲವೋ ನನಗಂತೂ ಅರ್ಥವಾಗಿಲ್ಲ.

ನಾನೂ ಜಾಣನೇನಲ್ಲ. ಹೋದ ಮಳೆಗಾಲ ಗಂಟಲು ಕಟ್ಟಿತ್ತು. ಎರಡು ದಿನ ಪಿಸುಮಾತಲ್ಲೇ ತಳ್ಳಿದೆ, ಅದು ಗಂಟಲಿಗೆ ರೆಸ್ಟು ಅಂತ ನನ್ನ ಲೆಕ್ಕ. ಡಾಕ್ಟರ್ ನಕ್ಕರು. ಜೋರಾಗಿ ಪಿಸುಗುಟ್ಟುವಾಗ ತುಂಬಾ ಜನ ಗಂಟಲನ್ನು ಇನ್ನೂ ಬಿಗಿ ಹಿಡಿಯುತ್ತಾರಂತೆ. ಮೇಲಿಂದ ಮೇಲೆ ಖರ್ ಖರ್ ಅಂತ ಗಂಟಲು ಸರಿಮಾಡಿಕೊಳ್ಳುವುದೂ ಮಡಿಕೆಗೆ ಪೆಟ್ಟೇ. ರೆಸ್ಟು ಅಂದರೆ ಬಾಯಿ ಮುಚ್ಚಿಕೊಂಡಿರುವುದು, ಅಷ್ಟೇ.

ಅಮ್ಮ ಕಾಳುಮೆಣಸಿನ ಕಷಾಯ ಕೊಟ್ಟಳು, ಜೇಷ್ಠಮಧು ಅಗಿಯಲು ಕೊಟ್ಟಳು. ಹಿತವಾಯಿತು. ಆದರೆ ಒಂದು ವಿಷಯ ಗೊತ್ತಾ? ನುಂಗಿದ್ದು ಯಾವುದೂ ಆ ಮಡಿಕೆಗೆ ತಾಗುವುದೇ ಇಲ್ಲ. ಅನ್ನನಾಳ ಬೇರೆ, ಶ್ವಾಸನಾಳ ಬೇರೆ. ಕಷಾಯದ ಒಂದು ಹನಿ ಅಲ್ಲಿಗೆ ಹೋದರೆ ನೆತ್ತಿಗೇರಿ ಕೆಮ್ಮು ಬರುತ್ತದೆ! ನೀರು ಕುಡಿಯಬೇಕು ನಿಜ, ಆದರೆ ಅದು ಮೈಯೆಲ್ಲ ಸುತ್ತಿ ಆಮೇಲೆ ಮಡಿಕೆಯನ್ನು ಒದ್ದೆ ಇಡುತ್ತದೆ. ನೇರವಾಗಿ ತಾಗುವುದು ಉಸಿರಿನ ಜೊತೆ ಹೋಗುವ ಹಬೆ. ಬೀಡಿ, ಸಿಗರೇಟಿನ ಹೊಗೆಯೂ ಅದೇ ದಾರಿ. ದನಿ ಗೊಗ್ಗರಾಗಿ ಮೂರು ವಾರ ಕಳೆದರೂ ಸರಿಹೋಗದಿದ್ದರೆ ಇಎನ್‌ಟಿ ಡಾಕ್ಟರಿಗೆ ತೋರಿಸಿ. ಸಿಗರೇಟು ಸೇದುವವರಾದರೆ ಕಾಯುತ್ತ ಕೂರಲೇಬೇಡಿ.

[ರಾತ್ರಿ. ಗದ್ದೆಯಲ್ಲಿ ಯಕ್ಷಗಾನದ ರಂಗಸ್ಥಳ, ಚೆಂಡೆ.]

ಮೈಕ್ ಇಲ್ಲದ ಕಾಲದಲ್ಲಿ ಚೆಂಡೆ, ಮದ್ದಳೆ ಮೀರಿ ಭಾಗವತರ ಪದ ಬಯಲಿನ ಕೊನೆಯವರೆಗೆ ಕೇಳಬೇಕಿತ್ತು. ಯಕ್ಷಗಾನದಲ್ಲಿ ಶ್ರುತಿಯನ್ನು ಕಪ್ಪು ಮೂರು, ಬಿಳಿ ಐದು ಅಂತ ಹಾರ್ಮೋನಿಯಂ ಮನೆಯ ಲೆಕ್ಕದಲ್ಲಿ ಹೇಳುತ್ತಾರೆ. ಏರು ಶ್ರುತಿಯೇ ಜಾಸ್ತಿ. ನಮ್ಮ ಕಿವಿ ಸೆಕೆಂಡಿಗೆ 2000ದಿಂದ 4000 ಕಂಪನದ ಸದ್ದಿಗೆ ತುಂಬಾ ಚುರುಕು. ಏರಿದ, ಮೊನಚಾದ ದನಿಯಲ್ಲಿ ಆ ಪಾಲು ಹೆಚ್ಚು, ಅದಕ್ಕೇ ಗದ್ದಲ ಸೀಳಿಕೊಂಡು ಬರುತ್ತದೆ. ಮೈಕ್ ಬಂದ ಮೇಲೆ ಮೆಲ್ಲಗೆ ಹಾಡಿದರೂ ಸಾವಿರ ಜನಕ್ಕೆ ಕೇಳುವಂತಾಯಿತು.

ಗಂಗೂಬಾಯಿ ಹುಬ್ಬಳ್ಳಿಯಿಂದ ರೈಲು ಹತ್ತಿ ಕುಂದಗೋಳಕ್ಕೆ ಪಾಠಕ್ಕೆ ಹೋಗುತ್ತಿದ್ದರು. ಗುರು ಸವಾಯಿ ಗಂಧರ್ವರು. ಭೀಮಸೇನ ಜೋಶಿ ಕಲಿತದ್ದೂ ಅದೇ ಊರಲ್ಲಿ, ಅದೇ ಗುರುವಿನ ಹತ್ತಿರ. ಗುರು ಕೊಟ್ಟ ರಾಗಗಳು ಕಡಿಮೆ, ತಿದ್ದಿಸಿದ್ದು ಜಾಸ್ತಿ. ಒಂದೇ ಸ್ವರದ ಮೇಲೆ ನಿಲ್ಲು, ಅದೇ ಪಲ್ಟಾ, ಅಂದರೆ ಅದೇ ಸ್ವರಗಳ ವರಸೆ, ಮತ್ತೆ ಹಾಡು. ಇವರ ಗಾಯನ ಪರಂಪರೆಯಾದ ಕಿರಾಣಾ ಘರಾಣೆಯಲ್ಲಿ ಅವಸರವಿಲ್ಲ, ಒಂದೊಂದೇ ಸ್ವರ ಬಿಡಿಸುತ್ತ ಮೇಲೇರುತ್ತಾರೆ. ನನಗನ್ನಿಸುವುದು, ಆ ಅಭ್ಯಾಸ ದನಿಯ ಎತ್ತರಕ್ಕೆ ಅಂಟಿಕೊಂಡದ್ದಲ್ಲ. ಶ್ರುತಿ ಕೆಳಗಿಳಿಯಿತು, ಸ್ವರದ ಮೇಲೆ ನಿಲ್ಲುವುದು ಹಾಗೇ ಉಳಿಯಿತು.

ಎರಡನೆಯ ರೆಕಾರ್ಡಿಂಗ್ ಇನ್ನೊಮ್ಮೆ ಹಾಕುತ್ತೇನೆ. ಜೊತೆಗೆ ನೀವೂ ಗುನುಗಿ. ಈ ಸಲ ಬೆರಳು ಗಂಟಲ ಮೇಲೆ ಬೇಡ, ಅಂಗೈ ಎದೆಯ ಮೇಲಿಡಿ. ಅವರು ಕೆಳಗಿನ ಷಡ್ಜಕ್ಕೆ, ಅಂದರೆ ಕೆಳಗಿನ "ಸ"ಕ್ಕೆ, ಇಳಿದಾಗ ನಡುಕ ಎಲ್ಲಿಗೆ ಬಂತು, ನೋಡಿ.

[ಆಲಾಪ. ಪರದೆ ನಿಧಾನವಾಗಿ ಕಪ್ಪಾಗುತ್ತದೆ.]