ಒಂದೆರಡು ಕಡೆ ಮಳೆ

ಕೇಳುಗರೆಲ್ಲರಿಗೂ ನಮಸ್ಕಾರ.

ನನ್ನ ದನಿಯನ್ನು ಎಲ್ಲೋ ಕೇಳಿದ ಹಾಗಿದೆ ಎಂದು ನಿಮ್ಮಲ್ಲಿ ಕೆಲವರಿಗೆ ಅನ್ನಿಸುತ್ತಿರಬಹುದು. ಕನ್ನಡದ ಒಂದು ಸುದ್ದಿವಾಹಿನಿಯಲ್ಲಿ ಒಂಬತ್ತು ವರ್ಷ, ರಾತ್ರಿ ವಾರ್ತೆಯ ಕೊನೆಗೆ ಬಂದು ನಾಳೆ ಮಳೆ ಬರುತ್ತದೋ ಇಲ್ಲವೋ ಹೇಳುತ್ತಿದ್ದವಳು ನಾನು. ಹೇಳಿದ ಮಳೆ ಬಾರದಿದ್ದಾಗ ನೀವು ಬೈದಿರುತ್ತೀರಿ. ಬೈದವರಿಗೆ ಉತ್ತರ ಕೊಡಲು ಮುಖ ಕಾಣದ ಬಾನುಲಿಯೇ ಅನುಕೂಲ. ಗೋಪಾಲಸ್ವಾಮಿ ಎಂಬ ಮನಃಶಾಸ್ತ್ರದ ಮೇಷ್ಟ್ರು 1935ರಲ್ಲಿ ತಮ್ಮ ಮನೆಯಲ್ಲೇ ನಿಲಯ ಹೂಡಿ, ಆಕಾಶವಾಣಿ ಎಂಬ ಹೆಸರು ಹುಟ್ಟಿದ ಊರು ಈ ಮೈಸೂರು. ಆಕಾಶದ ಸುದ್ದಿ ಹೇಳಿಯೇ ಹೊಟ್ಟೆ ಹೊರೆದವಳಿಗೆ ಇಲ್ಲಿ ಮೈಕಿನ ಮುಂದೆ ಕೂರಲು ಸ್ವಲ್ಪ ಅಳುಕೇ.

ಟಿ.ವಿ.ಯ ಹವಾಮಾನದ ಒಳಗುಟ್ಟನ್ನು ಮೊದಲು ಹೇಳಿಬಿಡುತ್ತೇನೆ. ನನ್ನ ಬೆನ್ನ ಹಿಂದೆ ಯಾವ ಭೂಪಟವೂ ಇರುತ್ತಿರಲಿಲ್ಲ. ಗೋಡೆಯುದ್ದಕ್ಕೂ ಇಳಿಬಿಟ್ಟ ಹಸಿರು ಬಟ್ಟೆ, ಅಷ್ಟೇ. ಕ್ಯಾಮೆರಾದ ಕಣ್ಣಿಗೆ ಎಲ್ಲೆಲ್ಲಿ ಆ ಹಸಿರು ಬೀಳುತ್ತದೋ ಅಲ್ಲಲ್ಲಿ ಕಂಪ್ಯೂಟರ್ ಭೂಪಟವನ್ನು ಕೂರಿಸುತ್ತದೆ. ನಾನು ಪಕ್ಕದಲ್ಲಿಟ್ಟ ಪರದೆಯಲ್ಲಿ ನನ್ನನ್ನೇ ನೋಡಿಕೊಳ್ಳುತ್ತಾ ಬರಿಯ ಬಟ್ಟೆಯ ಮೇಲೆ ಕೈಯಾಡಿಸಬೇಕು. ಮೊದಲ ವಾರವೆಲ್ಲ ಮಂಡ್ಯ ಎಂದು ಚಾಚಿದ ಬೆರಳು ಧರ್ಮಪುರಿಯಲ್ಲಿ ಇರುತ್ತಿತ್ತು. ಹಸಿರು ಸೀರೆ ಉಡುವ ಹಾಗಿಲ್ಲ. ಒಂದು ಗೌರಿ ಹಬ್ಬದ ದಿನ ಮರೆತು ಉಟ್ಟುಕೊಂಡು ಹೋದೆ. ತಾಲೀಮಿನಲ್ಲಿ ನೋಡಿದರೆ ನನ್ನ ತಲೆ ಮತ್ತು ಎರಡು ಕೈ ಕರ್ನಾಟಕದ ಮೇಲೆ ತೇಲುತ್ತಿವೆ, ಹೊಟ್ಟೆ ಇರಬೇಕಾದಲ್ಲಿ ದಾವಣಗೆರೆ ಇದೆ. ವಾರ್ತೆ ಓದುವ ಗೆಳತಿಯ ಕರಿ ಕೋಟನ್ನು ಸೀರೆಯ ಮೇಲೆಯೇ ತೊಟ್ಟು ಆ ದಿನ ಮಾನ ಉಳಿಸಿಕೊಂಡೆ.

ನಾನು ಓದಿದ್ದು ಭೌತಶಾಸ್ತ್ರ. ಕೆಲಸ ಸಿಕ್ಕಿದ್ದು ಅದಕ್ಕಲ್ಲ, ‘ಹ’ಕಾರವನ್ನು ನುಂಗದೆ ಹೇಳುತ್ತೇನೆ ಎಂಬ ಕಾರಣಕ್ಕೆ. ಹವಾಮಾನ ಎಂಬ ಪದ ಶುರುವಾಗುವುದೇ ಹಕಾರದಿಂದ, ಮಂಡ್ಯದ ಕಡೆಯವಳು ಅದನ್ನು ಗೆದ್ದದ್ದೇ ದೊಡ್ಡದು. ಹವಾಮಾನ ಇಲಾಖೆಯ ಮುನ್ಸೂಚನೆ ಮಧ್ಯಾಹ್ನ ಬರುತ್ತಿತ್ತು. ಅದರಲ್ಲಿನ ಮಾತುಗಳು ಕೇಳುವುದಕ್ಕೆ ಸಡಿಲ, ಒಳಗೆ ಬಹಳ ಬಿಗಿ. ‘ಒಂದೆರಡು ಕಡೆ’ ಎಂದರೆ ಆ ಪ್ರದೇಶದ ಮಳೆಮಾಪನ ಕೇಂದ್ರಗಳಲ್ಲಿ ನೂರಕ್ಕೆ 25ರವರೆಗೆ. ‘ಕೆಲವು ಕಡೆ’ ಎಂದರೆ 26ರಿಂದ 50, ‘ಹಲವು ಕಡೆ’ ಎಂದರೆ 51ರಿಂದ 75, ಅದನ್ನೂ ದಾಟಿದರೆ ‘ಬಹುತೇಕ ಕಡೆ’. ಬೆಳಿಗ್ಗೆ ಎಂಟೂವರೆಯಿಂದ ಮರುದಿನ ಬೆಳಿಗ್ಗೆ ಎಂಟೂವರೆಯವರೆಗೆ ಎರಡೂವರೆ ಮಿಲಿಮೀಟರ್ ಆದರೂ ಬಿದ್ದರೆ ಅದು ಮಳೆಯ ದಿನ, 64.5 ಮುಟ್ಟಿದರೆ ಭಾರಿ ಮಳೆ, 115.6ರಿಂದ ಮೇಲೆ ಅತಿ ಭಾರಿ. ಇಷ್ಟು ಲೆಕ್ಕ ಇಟ್ಟುಕೊಂಡು ಹೇಳಿದ ಮಾತು ನಿಮ್ಮ ಪಡಸಾಲೆಗೆ ಬರುವ ಹೊತ್ತಿಗೆ ‘ಬಂದರೂ ಬಂತು, ಬರದಿದ್ದರೂ ಇಲ್ಲ’ ಎಂದಾಗಿರುತ್ತಿತ್ತು.

ನಮ್ಮ ಅಪ್ಪ ಮದ್ದೂರು ತಾಲ್ಲೂಕಿನ ರೈತ. ನಮ್ಮ ಗದ್ದೆ ವಿಶ್ವೇಶ್ವರಯ್ಯ ನಾಲೆಯ ಕೊನೆಯಂಚಿನಲ್ಲಿದೆ. ನಾಲೆಯ ಕೊನೆಯಂಚು ಎಂದರೆ ಏನು ಎಂಬುದನ್ನು ಮಂಡ್ಯದವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಎಲ್ಲರ ಗದ್ದೆಯೂ ಕುಡಿದ ಮೇಲೆ ನಮಗೆ. ನಾನು ತೆರೆಯ ಮೇಲೆ ಬಂದು ಹೋದ ಹತ್ತು ನಿಮಿಷಕ್ಕೆ ಅಪ್ಪನ ಫೋನು ಬರುತ್ತಿತ್ತು.

“ಒಂದೆರಡು ಕಡೆ ಎಂದೆಯಲ್ಲ ಮಗಳೇ, ಆ ಒಂದೆರಡು ಕಡೆಯಲ್ಲಿ ನಮ್ಮ ಗದ್ದೆ ಇದೆಯೋ ಇಲ್ಲವೋ?”

“ಅಷ್ಟು ಕರಾರುವಾಕ್ಕಾಗಿ ಹೇಳಲು ಆಗುವುದಿಲ್ಲಪ್ಪ.”

“ಮತ್ತೆ ಅಷ್ಟು ಚೆನ್ನಾಗಿ ಸೀರೆ ಉಟ್ಟುಕೊಂಡು ಹೇಳಿದ್ದೇನು?”

ಅಪ್ಪನಿಗೆ ನಕ್ಷತ್ರದ ಮಳೆಗಳ ಮೇಲೆ ನಂಬಿಕೆ. ಭರಣಿ ಮಳೆ ಬಂದರೆ ಧರಣಿಯೆಲ್ಲ ಬೆಳೆ ಎಂಬ ಗಾದೆಯನ್ನು ನನ್ನ ಮುಂದೆ ಬೇಕೆಂದೇ ಎತ್ತುತ್ತಿದ್ದರು. ಒಂದು ನಕ್ಷತ್ರಕ್ಕೆ ಹದಿಮೂರು ಹದಿನಾಲ್ಕು ದಿನದ ಅವಕಾಶ ಇರುತ್ತದೆ, ನನಗೆ ಇರುವುದು ಒಂದು ರಾತ್ರಿ ಎಂದು ನಾನು ವಾದಿಸುತ್ತಿದ್ದೆ. ಆದರೂ ಅವರ ಪ್ರಶ್ನೆ ಮುಳ್ಳಿನ ಹಾಗೆ ಒಳಗೇ ಉಳಿಯಿತು.

2018ರ ಜುಲೈಗೆ ಬರೋಣ. ಅದಕ್ಕೆ ಹಿಂದಿನ ಬರದಲ್ಲಿ ಮಂಡ್ಯದ ಗದ್ದೆಗಳು ಬಾಯಿಬಿಟ್ಟದ್ದನ್ನು ಎಲ್ಲರೂ ನೋಡಿದ್ದರು. ಆ ಜುಲೈಯಲ್ಲಿ ಕೊಡಗಿನಲ್ಲಿ ಹಿಡಿದ ಮಳೆ ಬಿಡಲಿಲ್ಲ. ಕೃಷ್ಣರಾಜಸಾಗರ ತುಂಬಿತು, ಹೊಳೆಗೆ ನೀರು ಬಿಟ್ಟರು. ತುಂಬಿದ ಮಟ್ಟ 124.80 ಅಡಿ ಎಂಬ ಅಂಕಿ ನಮ್ಮ ಕಡೆಯ ಮಕ್ಕಳಿಗೂ ಬಾಯಿಪಾಠ. ಆ ರಾತ್ರಿ ನಾನು ಅದನ್ನು ಮದುವೆ ನಿಶ್ಚಯವಾದ ಸುದ್ದಿಯ ಹಾಗೆ ಹೇಳಿದೆ. ಅಪ್ಪ ಮೊದಲ ಬಾರಿಗೆ ಪ್ರಶ್ನೆ ಕೇಳಲಿಲ್ಲ.

ಮರುದಿನ ಬೇರೊಂದು ಫೋನು ಬಂತು. ಹಿಂದೊಮ್ಮೆ ಅಣೆಕಟ್ಟೆಯ ಕೆಳಗಿನ ರಂಗನತಿಟ್ಟು ಪಕ್ಷಿಧಾಮಕ್ಕೆ ಚಿತ್ರೀಕರಣಕ್ಕೆ ಹೋದಾಗ ನಮ್ಮನ್ನು ಸುತ್ತಾಡಿಸಿದ್ದ ದೋಣಿಯವರದು. “ಮೇಡಂ, ನಿನ್ನೆ ನಗುನಗುತ್ತಾ ಹೇಳಿದಿರಿ, ಚೆನ್ನಾಗಿತ್ತು. ಇಲ್ಲಿ ಕೆಳಗಿನ ಗೂಡೆಲ್ಲ ಹೋದವು.” ದೂರುವ ದನಿಯೇನಲ್ಲ. ಸುದ್ದಿ ತಿಳಿಸುವ ದನಿ, ಅಷ್ಟೇ.

ಭಾನುವಾರ ಹೋದೆ. ದೋಣಿಗಳನ್ನು ಮೇಲಕ್ಕೆಳೆದು ಕಟ್ಟಿದ್ದರು. ಹೊಳೆ ಕೆಂಪಗೆ, ಸದ್ದು ಮಾಡುತ್ತಾ, ನಡುಗಡ್ಡೆಗಳ ಮೇಲೆಯೇ ಹರಿಯುತ್ತಿತ್ತು. ಮಣ್ಣು ಕಾಣಲಿಲ್ಲ, ಬಂಡೆ ಕಾಣಲಿಲ್ಲ, ನೀರಿನೊಳಗಿಂದ ಮರಗಳ ನೆತ್ತಿಗಳು ಮಾತ್ರ ಎದ್ದಿದ್ದವು. ಎತ್ತರದ ಕೊಂಬೆಗಳಲ್ಲಿ ನೀರುಕಾಗೆ, ಕೆಂಬರಲುಗಳು ಒತ್ತೊತ್ತಾಗಿ ಕುಳಿತಿದ್ದವು. ಒಂದು ಬೆಳ್ಳಕ್ಕಿ ನೀರಿಗೆ ಮೊಳದಷ್ಟು ಮೇಲಿನ ರೆಂಬೆಯ ಮೇಲೆ ನಿಂತು ಕೆಳಗೇ ನೋಡುತ್ತಿತ್ತು. ಮೀನಿಗಾಗಿ ನೋಡುತ್ತಿತ್ತೋ ಏನೋ, ಅದರ ಮನಸ್ಸು ಹೇಳಲು ನಾನು ಯಾರು? ನಾನು ‘ಹೊಳೆಪಾತ್ರದ ಜನರು ಎಚ್ಚರದಿಂದಿರಬೇಕು’ ಎಂದು ಹೇಳಿದ್ದೆ. ಜನ ಎಚ್ಚರದಿಂದ ಇದ್ದರು. ಯಾರಿಗೂ ಏನೂ ಆಗಿರಲಿಲ್ಲ.

ಅಣೆಕಟ್ಟೆಯಿಂದ ನೀರು ಬಿಡಬೇಡಿ ಎನ್ನುವ ಮೂರ್ಖಳು ನಾನಲ್ಲ. ರಂಗನತಿಟ್ಟಿನ ನಡುಗಡ್ಡೆಗಳು ಹುಟ್ಟಿದ್ದೇ ಕಟ್ಟೆಯಿಂದ. 17ನೆಯ ಶತಮಾನದಲ್ಲಿ ಕಂಠೀರವ ನರಸರಾಜ ಒಡೆಯರ ಕಾಲದಲ್ಲಿ ಕಾವೇರಿಗೆ ಒಡ್ಡು ಹಾಕಿದ್ದರಿಂದ ಅವು ಮೂಡಿದವು. ಹಕ್ಕಿಗಳು ಬಂದು ಒಕ್ಕಲಾದವು. ಪಕ್ಷಿತಜ್ಞ ಸಲೀಂ ಅಲಿಯವರು ನೋಡಿ ಮಹಾರಾಜರಿಗೆ ಹೇಳಿದ ಮೇಲೆ 1940ರಲ್ಲಿ ಪಕ್ಷಿಧಾಮವಾಯಿತು. ಮನುಷ್ಯರ ಕೈವಾಡದಿಂದ ಸಿಕ್ಕಿದ ಮನೆ ಮನುಷ್ಯರ ಕೈವಾಡದಿಂದಲೇ ಮುಳುಗುತ್ತದೆ, ಮತ್ತೆ ಏಳುತ್ತದೆ. ಮರಳಿನ ಮೂಟೆ ಒಟ್ಟಿ ದಡಗಳನ್ನು ಗಟ್ಟಿ ಮಾಡುವ ಕೆಲಸವೂ ಅಲ್ಲಿ ನಡೆದಿದೆ. ನನ್ನನ್ನು ಕಾಡಿದ್ದು ಬೇರೆ. ಒಂಬತ್ತು ವರ್ಷದಲ್ಲಿ ನಾನು ಓದಿದ ಒಂದು ವಾಕ್ಯವೂ ಅವುಗಳ ವಿಷಯ ಆಗಿರಲಿಲ್ಲ.

ಮುಂದಿನ ವರ್ಷ ಫೆಬ್ರವರಿಯಲ್ಲಿ ಬಂಡೀಪುರ ಹೊತ್ತಿ ಉರಿಯಿತು. ಸಾವಿರಾರು ಎಕರೆ. ಲಂಟಾನ ಒಣಗಿ ನಿಂತಿತ್ತು, ಗಾಳಿ ಜೋರಾಗಿತ್ತು. ಆ ವಾರವೆಲ್ಲ ದಕ್ಷಿಣ ಒಳನಾಡಿನ ಬಗ್ಗೆ ನಾನು ಓದಿದ್ದು ಎರಡೇ ಪದ: ಒಣ ಹವೆ. ನಮ್ಮ ವೃತ್ತಿಯಲ್ಲಿ ಒಣ ಹವೆ ಎಂದರೆ ಇವತ್ತು ಸುದ್ದಿ ಏನಿಲ್ಲ, ಬೇಗ ಮುಗಿಸಿ ಎಂದು ಅರ್ಥ.

ದಿನಕ್ಕೆ ಒಂದು ವಾಕ್ಯ ಕೊಡಿ ಸಾಕು, ಈ ಹವೆ ಕಾಡಿಗೆ, ಹಕ್ಕಿಗೆ ಏನು ಮಾಡುತ್ತದೆ ಹೇಳುತ್ತೇನೆ ಎಂದು ಸಂಪಾದಕರನ್ನು ಕೇಳಿದೆ. “ಹಕ್ಕಿಗಳ ಮನೆಯಲ್ಲಿ ಟಿ.ವಿ. ಇಲ್ಲವಲ್ಲ” ಎಂದರು. ಜಾಣ ಉತ್ತರ, ನನಗೂ ನಗು ಬಂತು. ಆಗ ಅವರ ಗಮನವೆಲ್ಲ ಬಣ್ಣಗಳ ಮೇಲೆ. ಇಲಾಖೆ ಹಳದಿ ಎಚ್ಚರಿಕೆ ಕೊಟ್ಟರೆ, ಅಂದರೆ ಒಂದು ಕಣ್ಣಿಟ್ಟಿರಿ ಎಂದಷ್ಟೇ ಹೇಳಿದರೆ, ನಮ್ಮ ಪರದೆಯ ಮೇಲೆ ಕೆಂಪು ಪಟ್ಟಿ ಓಡುತ್ತಿತ್ತು, ಹಿಂದಿನಿಂದ ನಗಾರಿ ಬಾರಿಸುತ್ತಿದ್ದರು. 2020ರಲ್ಲಿ ಆ ಕೆಲಸ ಬಿಟ್ಟು, ಹಕ್ಕಿಗಳ ಕೆಲಸ ಹಿಡಿದು ಮೈಸೂರಿಗೆ ಬಂದೆ. ಸಂಬಳದ ಮಾತನ್ನು ನಮ್ಮಮ್ಮ ಇವತ್ತಿಗೂ ಊಟಕ್ಕೆ ಕೂತಾಗ ಎತ್ತುತ್ತಾರೆ, ಇಲ್ಲಿ ಬೇಡ.

ಈಗ ನನ್ನ ಹೆಚ್ಚಿನ ದಿನಗಳು ಕಳೆಯುವುದು ಕೊಕ್ಕರೆ ಬೆಳ್ಳೂರಿನಲ್ಲಿ. ನಮ್ಮ ಮದ್ದೂರು ತಾಲ್ಲೂಕೇ, ಶಿಂಷಾ ಹೊಳೆಗೆ ಹತ್ತಿರ. ಹೆಜ್ಜಾರ್ಲೆ, ಅಂದರೆ ಪೆಲಿಕನ್, ಮತ್ತು ಬಣ್ಣದ ಕೊಕ್ಕರೆಗಳು ಅಲ್ಲಿ ಊರ ನಡುವಿನ ಹುಣಿಸೆ, ಅತ್ತಿ, ಆಲದ ಮರಗಳಲ್ಲೇ ಗೂಡು ಕಟ್ಟುತ್ತವೆ. ಬೇಲಿ ಇಲ್ಲ, ಗೇಟು ಇಲ್ಲ. ಕೆಳಗೆ ಎಮ್ಮೆ ಕಟ್ಟಿರುತ್ತಾರೆ, ಮೇಲೆ ಹಕ್ಕಿ ಮೊಟ್ಟೆಗೆ ಕೂತಿರುತ್ತದೆ. ಬಾಣಂತನಕ್ಕೆ ತವರಿಗೆ ಬರುವ ಹೆಣ್ಣುಮಕ್ಕಳು ಎಂದು ಊರಿನವರು ಹೇಳುತ್ತಾರೆ. 2007ರಲ್ಲಿ ಸಮುದಾಯ ಮೀಸಲು ಪ್ರದೇಶ ಎಂದು ಘೋಷಣೆಯಾಯಿತು.

ನನ್ನ ಮೊದಲ ಸಭೆ ಅಲ್ಲಿ ಎಕ್ಕುಟ್ಟಿತು. ಟಿ.ವಿ. ದನಿಯಲ್ಲಿ, ಕೈ ಆಡಿಸುತ್ತಾ, ಪರಿಸರ ಸಮತೋಲನ ಎಂದೇನೋ ಶುರುಮಾಡಿದೆ. ಜಗಲಿಯ ಮೂಲೆಯಿಂದ ಒಬ್ಬ ಅಜ್ಜಿ ಕೇಳಿದರು: “ಏನವ್ವಾ, ಟಿ.ವಿ.ಯಲ್ಲಿ ಮಳೆ ಬರುತ್ತದೆ ಎನ್ನುತ್ತಿದ್ದವಳು ನೀನೇ ಅಲ್ಲವೇ?” ಹೌದೆಂದೆ. “ಬರಲೇ ಇಲ್ಲ” ಎಂದರು. ಇಡೀ ಸಭೆ ನಕ್ಕಿತು. ಅಲ್ಲಿಂದ ಮುಂದೆ ನಾನು ಮಾತಾಡುವುದನ್ನು ಬಿಟ್ಟು ಕೇಳಿಸಿಕೊಂಡೆ. ಹಕ್ಕಿ ಕೂತ ಹುಣಿಸೆಮರದಿಂದ ಹಣ್ಣು ಬಡಿಯುವ ಹಾಗಿಲ್ಲ. ಅದಕ್ಕೆ ಅರಣ್ಯ ಇಲಾಖೆ ಪರಿಹಾರ ಕೊಡುತ್ತದೆ, ಆದರೆ ಹುಣಿಸೆಯ ಪೇಟೆ ಬೆಲೆ ಏರಿದ ವರ್ಷ ಮರದ ಯಜಮಾನ ಎರಡನ್ನೂ ತೂಗಿ ನೋಡುತ್ತಾನೆ. ಹಕ್ಕಿ ಹಿಕ್ಕೆ ಒಳ್ಳೆಯ ಗೊಬ್ಬರ, ಸರಿ. ಅದೇ ಹಿಕ್ಕೆ ಒಗೆದು ಹರವಿದ ಬಟ್ಟೆಯ ಮೇಲೂ ಬೀಳುತ್ತದೆ. ಬೆಂಗಳೂರಿನಿಂದ ಕ್ಯಾಮೆರಾ ತಂದು ‘ಎಷ್ಟು ಚೆಂದ’ ಎಂದು ಹೋಗುವವರು ಆ ಬಟ್ಟೆಯನ್ನು ಮತ್ತೊಮ್ಮೆ ಒಗೆಯುವುದಿಲ್ಲ. ಈ ಊರಿನ ಯುವಕರು ಹೆಜ್ಜಾರ್ಲೆ ಬಳಗ ಕಟ್ಟಿಕೊಂಡು ಬಿದ್ದ ಮರಿಗಳನ್ನು ಸಾಕಿದ್ದಾರೆ. ಅವರ ಎದುರಿನಲ್ಲಿ ಸಮತೋಲನದ ಪಾಠ ಹೇಳಲು ಹೋದದ್ದು ನೆನೆದರೆ ಈಗಲೂ ಕಿವಿ ಬಿಸಿಯಾಗುತ್ತದೆ.

ಬೇಸಿಗೆಯ ಮಳೆಗಳೇ ಅಲ್ಲಿನ ಕಷ್ಟಕಾಲ. ಅಶ್ವಿನಿ, ಭರಣಿ. ‘ಗುಡುಗು ಸಹಿತ ಮಳೆ, ಗಂಟೆಗೆ 40ರಿಂದ 50 ಕಿಲೋಮೀಟರ್ ವೇಗದ ಗಾಳಿ’. ಈ ವಾಕ್ಯವನ್ನು ನಾನು ಎಷ್ಟು ನೂರು ಸಲ ಓದಿದ್ದೇನೋ. ಅದರ ಅರ್ಥ ತಿಳಿದದ್ದು ಒಂದು ಏಪ್ರಿಲ್ ಸಂಜೆ, ಹುಣಿಸೆಮರದ ಕೆಳಗೆ. ತಡವಾಗಿ ಹುಟ್ಟಿದ ಹೆಜ್ಜಾರ್ಲೆ ಮರಿಗಳು ಆಗ ತಾಯಿಯಷ್ಟೇ ದಪ್ಪ ಆಗಿರುತ್ತವೆ, ಹಾರಲು ಬಾರದು. ಗೂಡು ಇರುವುದು ಮರದ ನೆತ್ತಿಯಲ್ಲಿ. ಗಾಳಿ ಹತ್ತು ನಿಮಿಷ ಬೀಸಿ ನಿಂತಿತು. ಧೂಳು ಅಡಗುವ ಮೊದಲೇ ‘ದೊಪ್’ ಎಂದು ಸದ್ದಾಯಿತು. ಬಿದ್ದ ಮರಿಗೆ ತಾಯಿ ಕೆಳಗಿಳಿದು ಬಂದು ಉಣಿಸುವುದಿಲ್ಲ. ಕೆಳಗೆ ಬರುವುದು ನಾಯಿ. ಒಬ್ಬ ಹುಡುಗ ಗೋಣಿಚೀಲ ಹಿಡಿದು ಓಡಿದ, ನಾನು ಹಿಂದಿನಿಂದ ಹಿಡಿದುಕೊಂಡೆ. ಬೂದು ತುಪ್ಪುಳದ ಮೈ ಕಾದ ಹಂಚಿನ ಹಾಗೆ ಬಿಸಿ, ಕೊಕ್ಕಿನ ಕೆಳಗಿನ ಚೀಲ ಅದುರುತ್ತಿತ್ತು. ಹೆದರಿದ ಮರಿ ಮಾಡುವ ಮೊದಲ ಕೆಲಸ ನುಂಗಿದ ಮೀನನ್ನೆಲ್ಲ ಕಕ್ಕುವುದು. ನನ್ನ ಮೇಲೆ ಕಕ್ಕಿತು. ಆ ಚೂಡಿದಾರವನ್ನು ಮೂರು ಸಲ ಒಗೆದು ಕೊನೆಗೆ ಎಸೆದೆ. ಮರಿ ಬದುಕಿತು.

ಎಲ್ಲ ವರ್ಷವೂ ಹಾಗಲ್ಲ. 2017ರ ಕೊನೆಯಲ್ಲಿ ಹೆಜ್ಜಾರ್ಲೆಗಳು ಒಂದೊಂದಾಗಿ ಮರದಿಂದ ಉದುರಿ ಸತ್ತಿದ್ದವು. ಪರೀಕ್ಷೆ ಮಾಡಿದರೆ ಹೊಟ್ಟೆಯಲ್ಲಿ ಜಂತುಹುಳು. ಅವು ಮೀನಿನಿಂದ ಬಂದದ್ದು, ಮೀನು ಕೆರೆಯಿಂದ ಬಂದದ್ದು. ಮರ ಬೆಳ್ಳೂರಿನದು, ಅನ್ನ ಸುತ್ತಲಿನ ಕೆರೆಗಳದು. ಅದಕ್ಕೇ ಕೆರೆಯಂಚಿನ ಊರುಗಳಲ್ಲೂ ಸುತ್ತುತ್ತೇನೆ. ಅಲ್ಲಿ ಹಕ್ಕಿಯ ಮಾತಿಗಿಂತ ಊರಿನ ಕೊಳಚೆ ಕೆರೆಗೆ ಸೇರುವ ಮಾತೇ ಹೆಚ್ಚು.

ಹವಾಮಾನವನ್ನು ಪೂರ್ತಿ ಬಿಟ್ಟಿಲ್ಲ. ಏಪ್ರಿಲ್, ಮೇ ತಿಂಗಳಲ್ಲಿ ಮಧ್ಯಾಹ್ನವಾದರೆ ರೇಡಾರ್ ಚಿತ್ರ ನೋಡುತ್ತೇನೆ. ಇಲಾಖೆ ಮೂರು ಗಂಟೆ ಮುಂಚಿನ ಎಚ್ಚರಿಕೆ ಕೊಡುತ್ತದೆ. ರಾಜ್ಯದ ನೈಸರ್ಗಿಕ ವಿಕೋಪ ಉಸ್ತುವಾರಿ ಕೇಂದ್ರದ ಮಳೆಮಾಪಕಗಳು ಈಗ ಗ್ರಾಮ ಪಂಚಾಯಿತಿ ಮಟ್ಟದಲ್ಲಿವೆ. ಎರಡನ್ನೂ ಕೂಡಿಸಿ, ಗೂಡಿರುವ ಮರದ ಮನೆಯವರಿಗೆ ಮೊಬೈಲಿನಲ್ಲಿ ಎರಡು ಸಾಲು ಕಳಿಸುತ್ತೇನೆ. ಮಂಡ್ಯ ಜಿಲ್ಲೆಯ ಒಂದೆರಡು ಕಡೆ ಎಂದು ಬರೆಯುವುದಿಲ್ಲ. ‘ನಿಮ್ಮ ಹಿತ್ತಲ ಹುಣಿಸೆ, ಸಂಜೆ ಆರರ ಮೇಲೆ ಗಾಳಿ ಇರಬಹುದು, ನಾಯಿ ಕಟ್ಟಿ.’

ಕಳೆದ ಬೇಸಿಗೆಯಲ್ಲಿ ಒಂದು ದಿನ ಹಾಗೆಯೇ ಕಳಿಸಿದೆ. ಆಕಾಶ ಕಪ್ಪಾಯಿತು, ಮಿಂಚಿತು, ಏನೂ ಆಗಲಿಲ್ಲ. ರಾತ್ರಿ ಒಂಬತ್ತಕ್ಕೆ ಉತ್ತರ ಬಂತು: “ಗಾಳಿ ಬರಲಿಲ್ಲ ಅಕ್ಕ. ನಾಯಿ ಮಾತ್ರ ಸಂಜೆಯಿಂದ ಬೊಗಳುತ್ತಿದೆ. ಬಿಡಲೇ?” ಬಿಡಿ ಎಂದು ಬರೆಯುತ್ತಿದ್ದೆ, ಅಷ್ಟರಲ್ಲಿ ಅಪ್ಪನ ಫೋನು.

“ಅರ್ಧ ಬಾಳೆತೋಟ ಮಲಗಿದೆ” ಎಂದರು. ಸ್ವಲ್ಪ ಹೊತ್ತು ಸುಮ್ಮನಿದ್ದು, “ಹಕ್ಕಿಗೆ ಹೇಳಿದೆಯಂತೆ. ನನಗೆ ಹೇಳಲಿಲ್ಲವಲ್ಲ?”

ನಮಸ್ಕಾರ.