ಅಗ್ರಾ, ಆಗ್ರಾ ಮತ್ತು ನನ್ನ ಹೆಬ್ಬೆರಳು

ಕೇಳುಗರಿಗೆ ನಮಸ್ಕಾರ.

ನನ್ನ ಅಣ್ಣನ ಮಗಳು ಧಾರವಾಡದ ಕೃಷಿ ವಿಶ್ವವಿದ್ಯಾಲಯದಲ್ಲಿ ಕೀಟಗಳ ಬಗ್ಗೆ ಓದುತ್ತಾಳೆ. ನಾನಿರುವುದು ಹುಬ್ಬಳ್ಳಿಯಲ್ಲಿ. ಹೋದ ಮಳೆಗಾಲದಲ್ಲಿ ಒಂದು ಸಂಜೆ ಅವಳ ಫೋನ್ ಬಂತು. ‘ಕಾಕಾ, ಈ ಶನಿವಾರ ಮನಿಗೆ ಬರೂದಾಗೂದಿಲ್ಲ. ಅಗ್ರಾದ ಕೆಲಸ ಭಾಳ ಐತಿ’ ಅಂದಳು. ಲೈನು ಗೊರಗೊರ ಅನ್ನುತ್ತಿತ್ತು. ನಾನು ಅಂದೆ, ‘ಆತವಾ, ಹುಷಾರಾಗಿ ಹೋಗಿ ಬಾ. ಬರೂ ಮುಂದ ಒಂದ ಕಿಲೋ ಪೇಠಾ ತೊಗೊಂಡ ಬಾ.’ ಆ ಕಡೆ ಒಂದು ಗಳಿಗೆ ಮಾತಿಲ್ಲ. ಆಮೇಲೆ ಜೋರು ನಗು. ‘ಕಾಕಾ, ಅದು ಊರಲ್ಲ, ಹುಳ!’

ತಪ್ಪು ಪೂರ್ತಿ ನನ್ನದು ಅಂತ ನಾನು ಇವತ್ತಿಗೂ ಒಪ್ಪಿಲ್ಲ. ನಮ್ಮ ಭಾಗದವರಿಗೆ ಈ ಗೊಂದಲ ಹೊಸದೇನಲ್ಲ. ಧಾರವಾಡದ ಪೇಡೆ ಹಾಲಿನದು. ಆಗ್ರಾದ ಪೇಠಾ ಬೂದುಗುಂಬಳದ್ದು. ಮದುವೆ ಗಂಡಿನ ತಲೆಗೆ ಪೇಟ, ಸಂತೆಗೆ ಹೋದರೆ ಪೇಟೆ. ಕಿವಿ ಒಂದು ಚೂರು ಮೈಮರೆತರೆ ತಲೆಗೆ ಸುತ್ತುವುದನ್ನು ಬಾಯಿಗೆ ಹಾಕಿಕೊಳ್ಳಬೇಕಾಗುತ್ತದೆ.

ನೀವು ನನ್ನ ಮಾತು ಕೇಳುತ್ತಿದ್ದೀರಿ, ಓದುತ್ತಿಲ್ಲ. ಹಾಗಾಗಿ ಮೊದಲೇ ಒಂದು ಒಪ್ಪಂದ ಮಾಡಿಕೊಳ್ಳೋಣ. ತಾಜಮಹಲಿನ ಊರಿಗೆ ಬಾಯಿ ಅಗಲ ಮಾಡಿ ‘ಆಗ್ರಾ’ ಅನ್ನುತ್ತೇನೆ. ಹುಳಕ್ಕೆ ಚಿಕ್ಕದಾಗಿ ‘ಅಗ್ರಾ’. ಕನ್ನಡದಲ್ಲಿ ಬರೆದರೆ ಈ ವ್ಯತ್ಯಾಸ ಕಣ್ಣಿಗೇ ಕಾಣುತ್ತದೆ. ಇಂಗ್ಲಿಷ್ ಅಕ್ಷರದಲ್ಲಿ ಎರಡೂ ಒಂದೇ. ಅಲ್ಲಿಂದಲೇ ಶುರು ಈ ಪೇಚಾಟ.

ಈಗ ಹುಳದ ವಿಷಯ. ಮುಂದಿನ ಜೋಡಿ ರೆಕ್ಕೆ ಗಟ್ಟಿಯಾಗಿ, ಬೆನ್ನ ಮೇಲೆ ಓಡಿನ ಹಾಗೆ ಮುಚ್ಚಿಕೊಂಡಿರುವ ಹುಳಗಳ ದೊಡ್ಡ ಬಳಗವಿದೆ, ಇಂಗ್ಲಿಷಿನಲ್ಲಿ ಬೀಟಲ್ ಅನ್ನುತ್ತಾರೆ. ಜಗತ್ತಿನಲ್ಲಿ ಇಲ್ಲಿಯವರೆಗೆ ಹೆಸರಿಟ್ಟಿರುವುದು ಸುಮಾರು 4 ಲಕ್ಷ ಬಗೆ. ಸಗಣಿ ಉಂಡೆ ಉರುಳಿಸುವುದು ಇದೇ ಬಳಗ. ಜೋಳದ ಚೀಲದಲ್ಲಿ ಸೇರಿಕೊಳ್ಳುವ ನುಸಿಯೂ ಇದೇ. ಚಿಕ್ಕವರಿದ್ದಾಗ ಕಡ್ಡಿಪೆಟ್ಟಿಗೆಯಲ್ಲಿ ಎಲೆ ಹಾಕಿ ಸಾಕುತ್ತಿದ್ದ, ಹಸಿರಾಗಿ ಹೊಳೆಯುವ ಜೀರಂಗಿಯೂ ಇದೇ. ಇವುಗಳಲ್ಲಿ ನೆಲದ ಮೇಲೆ ಓಡಾಡಿ ಬೇಟೆಯಾಡುವ ಒಂದು ಕುಟುಂಬವಿದೆ. ದಕ್ಷಿಣ ಭಾರತದ ಒಣ ನೆಲದಲ್ಲಿ ಕಪ್ಪು ಮೈಗೆ ಆರು ಬಿಳಿ ಚುಕ್ಕೆ ಇಟ್ಟುಕೊಂಡು ಸರಸರ ಓಡುವ ಹುಳವೊಂದಿದೆ. ಅದು ಆ ಕುಟುಂಬದ್ದು. ಕೈಯಲ್ಲಿ ಹಿಡಿಯಲು ಹೋಗಬೇಡಿ, ಸುಡುವ ರಸ ಚಿಮ್ಮಿಸುತ್ತದೆ.

ಅಗ್ರಾ ಈ ಹುಳದ ದೂರದ ದಾಯಾದಿ. ಆದರೆ ನೆಲ ಬಿಟ್ಟು ಮರ ಹತ್ತಿಕೊಂಡಿದೆ. ಸಪೂರ ಮೈ, ನೀಳ ಕುತ್ತಿಗೆ, ದಟ್ಟ ಕಾಡಿನ ಮರಗಳ ತುದಿಯಲ್ಲಿ ವಾಸ. ಮಧ್ಯ ಅಮೆರಿಕ, ದಕ್ಷಿಣ ಅಮೆರಿಕದಲ್ಲಿ ಜಾಸ್ತಿ. ನಮ್ಮ ದೇಶದಲ್ಲಿ ಒಂದೂ ಇಲ್ಲ. ಆಗ್ರಾಕ್ಕೆ ಹೋಗಿ ಎಷ್ಟು ಹುಡುಕಿದರೂ ಅಗ್ರಾ ಸಿಗುವುದಿಲ್ಲ.

ಈ ಹೆಸರನ್ನು 1801ರಲ್ಲಿ ಇಟ್ಟವರು ಡೆನ್ಮಾರ್ಕಿನ ಕೀಟತಜ್ಞ ಫ್ಯಾಬ್ರಿಷಿಯಸ್. ಇದು ಒಂದೇ ಹುಳದ ಹೆಸರಲ್ಲ, ಮನೆತನದ ಹೆಸರು. ನಮ್ಮ ಕಡೆ ಅಡ್ಡಹೆಸರು ಇರುತ್ತದಲ್ಲ, ಮೆಣಸಿನಕಾಯಿ, ಉಳ್ಳಾಗಡ್ಡಿ, ಬೆಲ್ಲದ ಅಂತ, ಹಾಗೆ. ವ್ಯತ್ಯಾಸ ಇಷ್ಟೇ, ಹುಳಗಳಿಗೆ ಅಡ್ಡಹೆಸರು ಮೊದಲು, ಸ್ವಂತ ಹೆಸರು ಆಮೇಲೆ. ಅಗ್ರಾ ಮನೆತನದಲ್ಲಿ ಈಗ 600ಕ್ಕೂ ಜಾಸ್ತಿ ಹುಳಗಳಿವೆ. ಪ್ರಾಣಿಗಳ ಲೆಕ್ಕದಲ್ಲಿ ಎರಡು ಮನೆತನಕ್ಕೆ ಒಂದೇ ಅಡ್ಡಹೆಸರು ಇರಬಾರದು ಅಂತ ನಿಯಮ. ಒಂದಕ್ಷರ ಬೇರೆ ಇದ್ದರೆ ಸಾಕು, ನಡೆಯುತ್ತದೆ. ನಮ್ಮಲ್ಲಿ ಈ ನಿಯಮ ತಂದರೆ ಒಂದೊಂದು ಊರಲ್ಲಿ ನಾಲ್ಕೇ ಮನೆ ಪಾಟೀಲರು ಉಳಿದಾರು!

600ರಲ್ಲಿ ಬಹಳಷ್ಟಕ್ಕೆ ಹೆಸರಿಟ್ಟವರು ಅಮೆರಿಕದ ಕೀಟತಜ್ಞ ಟೆರ್ರಿ ಅರ್ವಿನ್. 2020ರಲ್ಲಿ ತೀರಿಕೊಂಡರು. ಪನಾಮಾದ ಕಾಡಿನಲ್ಲಿ ಅವರು ಮರದ ಕೆಳಗೆ ಹಾಳೆ ಹಾಸಿ, ಮೇಲಕ್ಕೆ ಕೀಟನಾಶಕದ ಹೊಗೆ ಬಿಡುತ್ತಿದ್ದರು. ಹುಳಗಳು ಪಟಪಟ ಉದುರುತ್ತಿದ್ದವು. ಒಂದೇ ಜಾತಿಯ 19 ಮರಗಳಿಂದ ಸಾವಿರಕ್ಕೂ ಹೆಚ್ಚು ಬಗೆಯ ಬೀಟಲ್ ಸಿಕ್ಕವು. ಆ ಲೆಕ್ಕ ಹಿಡಿದು, ಉಷ್ಣವಲಯದ ಕಾಡುಗಳಲ್ಲಿ ಹುಳಹುಪ್ಪಡಿ 3 ಕೋಟಿ ಬಗೆ ಇರಬಹುದು ಅಂತ 1982ರಲ್ಲಿ ಬರೆದರು. ಅದು ಜಾಸ್ತಿಯಾಯಿತು ಅಂತ ಆಮೇಲೆ ಬಂದವರು ಇಳಿಸಿದರು, ಅದಿರಲಿ.

ಹೆಸರಿಗೆ ಬರೋಣ. ಇಷ್ಟೊಂದು ಹುಳಕ್ಕೆ ಹೆಸರಿಡುವವರಿಗೆ ಬೇಸರ ಬರದೆ ಇರುತ್ತದೆಯೇ? ಅರ್ವಿನ್ ಒಂದು ಹುಳಕ್ಕೆ ‘ವೇಷನ್’ ಅಂತ ಹೆಸರಿಟ್ಟರು. ಅಡ್ಡಹೆಸರು ಸೇರಿಸಿ ಕೂಗಿ ನೋಡಿ: ಅಗ್ರಾ ವೇಷನ್. ಇಂಗ್ಲಿಷ್ ಕಿವಿಗೆ ಅದು ‘ಕಿರಿಕಿರಿ’. ಇನ್ನೊಂದು ಅಗ್ರಾ ಕಡಾಬ್ರಾ, ಅಂದರೆ ಜಾದೂಗಾರರ ಛೂ ಮಂತರ್. ಮತ್ತೊಂದು ಅಗ್ರಾ ಫೋಬಿಯಾ. ಬಯಲು ಕಂಡರೆ ಹೆದರುವ ಕಾಯಿಲೆಯ ಹೆಸರಿಗೆ ಹತ್ತಿರ. ಕೋಸ್ಟರಿಕಾದ ಒಂದು ಹುಳದ ಗಂಡಿಗೆ ನಡುವಿನ ಕಾಲಿನ ತೊಡೆ ಗರಡಿಮನೆ ಪೈಲ್ವಾನರ ತೋಳಿನ ಹಾಗೆ ಉಬ್ಬಿದೆ. ಅದಕ್ಕೆ ನಟ ಶ್ವಾರ್ಜ್‌ನೆಗ್ಗರ್ ಹೆಸರು. ಟೈಟಾನಿಕ್ ಸಿನಿಮಾದಲ್ಲಿ ಹಡಗು ಮುಳುಗಿದರೂ ತಾನು ಮುಳುಗದ ನಾಯಕಿಯ ಪಾತ್ರ ಮಾಡಿದ ಕೇಟ್ ವಿನ್ಸ್ಲೆಟ್ ಹೆಸರಿನದೂ ಒಂದಿದೆ. ಆ ನಾಯಕಿ ಉಳಿದಳು, ಕಾಡು ಕಡಿದು ಹುಲ್ಲುಗಾವಲು ಮಾಡಿದರೆ ಈ ಹುಳ ಉಳಿಯಲಿಕ್ಕಿಲ್ಲ ಅನ್ನುವುದು ಅರ್ವಿನ್ ಅವರ ಮಾತಿನ ಸಾರ.

ಇದನ್ನೆಲ್ಲ ಹುಡುಗಿ ಹೇಳಿದ ಮೇಲೆ ನನಗೆ ನಿದ್ದೆ ಬರಲಿಲ್ಲ. ‘ಅಗ್ರ’ ಅನ್ನುವುದು ನಮ್ಮದೇ ಮಾತಲ್ವಾ? ತುದಿ, ಮೊದಲು ಅಂತ ಅರ್ಥ. ಏಕಾಗ್ರ ಅಂದರೆ ಒಂದೇ ತುದಿಯ ಮೇಲೆ ಮನಸ್ಸು. ಗದಗ ಸೀಮೆಯ ಶಾಸನಗಳ ತುಂಬ ಅಗ್ರಹಾರಗಳಿವೆ. ಮರದ ತುದಿಯಲ್ಲಿರುವ ಹುಳಕ್ಕೆ ಅಗ್ರಾ! ಆಹಾ, ಸಂಸ್ಕೃತ ಎಲ್ಲಿಯವರೆಗೆ ಹೋಗಿದೆ ಅಂತ ಕತ್ತಲಲ್ಲೇ ಎದೆ ಉಬ್ಬಿಸಿದೆ. ಬೆಳಿಗ್ಗೆ ಅವಳು ಗಾಳಿ ತೆಗೆದಳು. ಫ್ಯಾಬ್ರಿಷಿಯಸ್ ಹೆಸರಿಟ್ಟಾಗ ಆ ಹುಳ ಮರದ ತುದಿಯಲ್ಲಿರುತ್ತದೆ ಅನ್ನುವುದು ಇಷ್ಟು ಚೆನ್ನಾಗಿ ಯಾರಿಗೆ ಗೊತ್ತಿತ್ತು ಕಾಕಾ ಅಂದಳು. ಗ್ರೀಕ್ ಭಾಷೆಯಲ್ಲೂ ಒಂದು ಅಗ್ರ ಇದೆ, ಅದರ ಅರ್ಥ ಬೇಟೆ, ಹಿಡಿಯುವುದು. ಬೇಟೆಗಾರ ಕುಟುಂಬದ ಹುಳಕ್ಕೆ ಅದೂ ಒಪ್ಪುತ್ತದೆ.

ಇಟಲಿಯದು ಇನ್ನೂ ಮಜಾ. ಅಲ್ಲಿ ಅಗ್ರ ಅಂದರೆ ಹುಳಿ. ನೋಡಿ, ಅಮೆರಿಕದಲ್ಲಿ ಅಗ್ರಾ ಹುಳ, ಇಟಲಿಯಲ್ಲಿ ಅಗ್ರ ಹುಳಿ! ಈ ತಮಾಷೆ ಕನ್ನಡದವರಿಗೆ ಮಾತ್ರ ಸಿಗುವುದು. ಆ ಹುಳಿಯಿಂದ ಬಂದ ಹೆಸರು ಪೆಲಾಗ್ರಾ. ಪೆಲ್ಲೆ ಅಂದರೆ ಚರ್ಮ. ಬಿಸಿಲು ಬೀಳುವ ಕಡೆ ಚರ್ಮ ಒರಟಾಗಿ ಕಪ್ಪಾಗುವ ಕಾಯಿಲೆ. ನಿಯಾಸಿನ್ ಎಂಬ ಬಿ ವಿಟಮಿನ್ ಕೊರತೆಯಿಂದ ಬರುತ್ತದೆ. ಬರೀ ಮೆಕ್ಕೆಜೋಳ ತಿಂದು ಬದುಕಿದ ಇಟಲಿಯ ಬಡವರಿಗೆ ಬಂತು. ನಮ್ಮ ದಖ್ಖನ್ನಿನಲ್ಲಿ ಬರೀ ಜೋಳದ ಮೇಲೆ ಬದುಕುವ ಬಡವರಲ್ಲೂ ಇದೆ ಅಂತ 1960ರಲ್ಲಿ ಆಹಾರ ವಿಜ್ಞಾನಿ ಸಿ. ಗೋಪಾಲನ್ ಮತ್ತು ಜೊತೆಯವರು ಬರೆದರು. ರೊಟ್ಟಿ ಬಿಡಿ ಅಂತ ನಾನು ಹೇಳುತ್ತಿಲ್ಲ. ನಮ್ಮ ಹಿರಿಯರು ರೊಟ್ಟಿಯ ಮಗ್ಗುಲಿಗೆ ಶೇಂಗಾ ಚಟ್ನಿ, ಕಾಳು ಪಲ್ಯ ಸುಮ್ನೆ ಇಟ್ಟಿಲ್ಲ. ಶೇಂಗಾದಲ್ಲಿ ನಿಯಾಸಿನ್ ಬೇಕಾದಷ್ಟಿದೆ.

ನನಗೆ ತಾಗಿದ್ದು ಗ್ರೀಕರ ಅಗ್ರ. ಚಳಿಗಾಲದ ಒಂದು ರಾತ್ರಿ ಎಚ್ಚರಾಯಿತು. ಬಲಗಾಲಿನ ಹೆಬ್ಬೆರಳಿನ ಬುಡ ಕೆಂಪಗೆ ಉಬ್ಬಿತ್ತು. ಮೇಲೆ ಹೊದಿಕೆ ತಾಗಿದರೂ ಜೀವ ಹೋದ ಹಾಗೆ. ಯೂರಿಕ್ ಆಸಿಡ್ ಜಾಸ್ತಿಯಾಗಿ ಕೀಲಿನಲ್ಲಿ ಹರಳು ಕಟ್ಟಿದೆ ಅಂದರು ಡಾಕ್ಟರು. ಈಗ ಗೌಟ್ ಅನ್ನುವ ಇದರ ಹಳೆಯ ಹೆಸರು ಪೊಡಾಗ್ರಾ. ಕಾಲನ್ನು ಹಿಡಿಯುವುದು ಅಂತ ಅರ್ಥ. ಹಲ್ಲು ಕಚ್ಚಿಕೊಂಡೇ ನಾನು ಆ ಹೆಸರನ್ನು ಬಾಯಲ್ಲಿ ಹೊರಳಿಸಿದೆ. ಪೊಡಾಗ್ರಾ, ಪಾದಾಗ್ರ. ನಮ್ಮ ಪಾದಾಗ್ರ ಅಂದರೆ ಕಾಲಿನ ತುದಿ. ನೋವು ಇರುವುದೂ ಅಲ್ಲೇ! ಮೊದಲ ಅರ್ಧದಲ್ಲಿ ನೆಂಟಸ್ತನ ನಿಜವಾಗಿಯೂ ಇದೆ. ಸಂಸ್ಕೃತದ ಪಾದ, ಗ್ರೀಕಿನ ಪೊದ, ಎರಡೂ ಒಂದೇ ಬೇರಿನವು. ಉಳಿದರ್ಧದಲ್ಲಿ ಇಲ್ಲ. ನಮ್ಮದು ತುದಿ, ಅವರದು ಹಿಡಿತ. ಕೈ ಬೆರಳುಗಳಿಗೆ ಇದೇ ಕಾಯಿಲೆ ಬಂದರೆ ಕಿರಾಗ್ರಾ ಅನ್ನುತ್ತಿದ್ದರಂತೆ.

ಬೆಳಿಗ್ಗೆ ಹಾಸಿಗೆಯಲ್ಲೇ ಅಂಗೈ ನೋಡಿ ‘ಕರಾಗ್ರೇ ವಸತೇ ಲಕ್ಷ್ಮೀ’ ಹೇಳುವುದು ನನ್ನ ರೂಢಿ. ಈಗಲೂ ಹೇಳುತ್ತೇನೆ. ಹೇಳುವಾಗ ಬೆರಳುಗಳನ್ನು ಒಂದೊಂದಾಗಿ ಮಡಚಿ ನೋಡಿಕೊಳ್ಳುತ್ತೇನೆ. ಆಮೇಲೆ ಹೊದಿಕೆ ಸರಿಸಿ ಬಲಗಾಲಿನ ಹೆಬ್ಬೆರಳು.

ನಮಸ್ಕಾರ.